ಮೂರು ನಿದ್ದೆ

ಚಿಲಕ ಹಾಕಿಕೊಂಡು ಬಂದು ಕೂತುಕೊಳ್ಳಿ. ನೀರು ಬೇಕಾದವರು ಈಗಲೇ ಕುಡಿದುಬಿಡಿ. ಶುರು ಮಾಡಿದ ಮೇಲೆ ನಾನಂತೂ ನಡುವೆ ನಿಲ್ಲಿಸುವವಳಲ್ಲ. ನಿಮ್ಮಲ್ಲೂ ಯಾರೂ ಒಬ್ಬರೇ ಎದ್ದು ಅಡುಗೆಮನೆಗೆ ಹೋಗುವ ಧೈರ್ಯ ಮಾಡುವುದಿಲ್ಲ, ಬೇಕಾದರೆ ನೋಡಿ.

ಇದು ನಮ್ಮ ಚಿಕ್ಕಮ್ಮನ ಮಗಳಿಗೆ ಆದದ್ದು. ನನಗಿಂತ ದೊಡ್ಡವಳು, ಹೊಲಿಗೆ ಕೆಲಸದವಳು. ಮನೆಮಂದಿಯೆಲ್ಲ ಅವಳನ್ನು ಸೂಜಿಯಕ್ಕ ಎನ್ನುತ್ತೇವೆ. ಕೆಲಸಕ್ಕೂ ಆ ಹೆಸರು ಸರಿ, ನಾಲಿಗೆಗೂ ಸರಿ. ಸುಳ್ಳು ಹೇಳುವ ಜಾಯಮಾನ ಅವಳದಲ್ಲ. ಒಂದೆರಡು ಸುಳ್ಳು ಹೇಳಲು ಬಂದಿದ್ದರೆ ಗಂಡನ ಜೊತೆ ಅಷ್ಟು ಜಗಳವೂ ಆಗುತ್ತಿರಲಿಲ್ಲ.

ಆವತ್ತು ಅವಳು ಬೀದಿಗೆ ಕಾಲಿಟ್ಟಾಗ ಈಗಷ್ಟೇ ಸಂಜೆಯಾಗಿರಬೇಕು ಎಂದುಕೊಂಡಿದ್ದಳು. ಅಂಗಡಿಗಳು ತೆರೆದಿರುತ್ತವೆ, ಬೀದಿಯಲ್ಲಿ ಜನ ಇರುತ್ತಾರೆ ಅಂತ. ನೋಡಿದರೆ... ಎಲ್ಲ ಅಂಗಡಿಯ ಬಾಗಿಲೂ ಎಳೆದಿದೆ. ಒಂದು ಕಿಟಕಿಯಲ್ಲೂ ಬೆಳಕಿಲ್ಲ. ಬೀದಿದೀಪದ ಕೆಳಗೆ ಒಂದು ನಾಯಿ ಮಲಗಿತ್ತು. ತಲೆ ಎತ್ತಿ ಅವಳನ್ನು ನೋಡಿತು, ಬೊಗಳಲಿಲ್ಲ. ಮೆಲ್ಲಗೆ ಎದ್ದು ಗೋಡೆ ಒತ್ತಿಕೊಂಡು ಹಿಂದಕ್ಕೆ ಹಿಂದಕ್ಕೆ ಹೋಯಿತು.

ಸಂಜೆಯಲ್ಲ ಅದು, ನಡುರಾತ್ರಿ.

ಮನೆಗೆ ತಿರುಗುವ ಮೂಲೆಯಲ್ಲಿ ಒಂದು ಹಳೆಯ ಬಾವಿ. ಮೇಲೆ ಕಬ್ಬಿಣದ ಜಾಲರಿ ಹಾಕಿದ್ದರು. ಅದರ ಹತ್ತಿರ ಬಂದಾಗ ಒಳಗೆ ನೀರು ಜಿನುಗುವುದು ಕೇಳಿಸಿತು. ತೊಟ್... ತೊಟ್... ಅದಕ್ಕೆ ಅವಳು ಹೆದರಲಿಲ್ಲ, ದಿನಾ ಕೇಳುವ ಸದ್ದು. ಆದರೆ ಅದರ ಹಿಂದೆ ಇನ್ನೊಂದು ಸದ್ದಿತ್ತು. ಟಕಟಕಟಕಟಕ... ಕಿರ್ರ್. ಟಕಟಕಟಕಟಕ... ಕಿರ್ರ್.

ಹೊಲಿಗೆ ಮಿಷನ್ನು. ಅದೂ ಅವಳದೇ ಮಿಷನ್ನು. ಅದರ ಬೆಲ್ಟು ಹಳೆಯದಾಗಿ ಸಡಿಲವಾಗಿತ್ತು. ಸ್ವಲ್ಪ ಓಡಿ ಒಂದು ಸಲ ಜಾರುತ್ತಿತ್ತು, ಆಗ ಆ ಕಿರ್ರ್ ಬರುತ್ತಿತ್ತು. ಜಾರುವ ಹೊತ್ತಿಗೆ ಸರಿಯಾಗಿ ಎಡಗೈಯಿಂದ ಚಕ್ರಕ್ಕೆ ಒಂದು ತಟ್ಟು ಕೊಟ್ಟರೆ ಮಾತ್ರ ಮುಂದೆ ಓಡುವುದು. ಇಲ್ಲದಿದ್ದರೆ ದಾರ ತುಂಡು. ಆ ತಟ್ಟು ಅವಳೊಬ್ಬಳಿಗೇ ಗೊತ್ತು. ಸೂಜಿಯಕ್ಕ ಎಡಚಿ.

ಈಗ ಅವಳು ಬಾವಿ ಹತ್ತಿರ ನಿಂತಿದ್ದಾಳೆ, ಅಲ್ಲಿ ಮನೆಯೊಳಗೆ ಯಾರೋ ತಪ್ಪದೆ ತಟ್ಟು ಕೊಟ್ಟು ಹೊಲಿಯುತ್ತಿದ್ದಾರೆ...

ತಡೆಯಿರಿ. ಅವಳು ಎಲ್ಲಿಂದ ಬರುತ್ತಿದ್ದಳು ಅಂತ ಹೇಳದಿದ್ದರೆ ಮುಂದಿನದಕ್ಕೆ ತಲೆಬುಡ ಇರುವುದಿಲ್ಲ.

ಅವಳ ಗಂಡ, ಅಂದರೆ ನನಗೆ ಭಾವ, ಒಂದು ಸಂಶೋಧನಾಲಯದಲ್ಲಿ ಸಹಾಯಕನಾಗಿದ್ದ. ಬೀದಿಯವರು ಅದನ್ನು ಹೊತ್ತಿನ ಶಾಲೆ ಎನ್ನುತ್ತಿದ್ದರು. ಅಲ್ಲಿ ನಡೆಯುತ್ತಿದ್ದ ಶಾಸ್ತ್ರವೇ ಬೇರೆ. ಗಡಿಯಾರ ತೋರಿಸುವುದು ಮುಳ್ಳಿನ ಹೊತ್ತು. ನಮಗೆ ಅನ್ನಿಸುವುದು ಮನಸ್ಸಿನ ಹೊತ್ತು. ಕಾಯುವವರಿಗೆ ಹೊತ್ತು ಹೋಗುವುದಿಲ್ಲ, ಹರಟುವವರಿಗೆ ಹೊತ್ತು ನಿಲ್ಲುವುದಿಲ್ಲ. ಇಷ್ಟು ನನಗೂ ಗೊತ್ತು, ನಿಮಗೂ ಗೊತ್ತು. ಆದರೆ ಎಷ್ಟು ವ್ಯತ್ಯಾಸ, ಯಾಕೆ ವ್ಯತ್ಯಾಸ, ಅದನ್ನು ಅಳೆಯುವುದು ಅವರ ಕೆಲಸ. ಅಲ್ಲಿಗೆ ಮುಖ್ಯಸ್ಥರು ಒಬ್ಬ ವಯಸ್ಸಾದವರು. ದೊಡ್ಡ ಮೇಷ್ಟ್ರು ಅಂತಲೇ ಎಲ್ಲರೂ ಕರೆಯುತ್ತಿದ್ದರು.

ಅಳೆಯುವುದಕ್ಕೆ ನೆಲದಡಿಯಲ್ಲಿ ಒಂದು ಕೋಣೆ. ಕಿಟಕಿಯಿಲ್ಲ, ಗಡಿಯಾರವಿಲ್ಲ. ಒಂದು ಮಂಚ, ಒಂದು ಮಂದ ಬಲ್ಬು, ಪಕ್ಕದಲ್ಲಿ ಬಚ್ಚಲು, ಗೋಡೆಯಲ್ಲಿ ಒಂದು ಹಗ್ಗ. ಹಸಿವಾದರೆ ಹಗ್ಗ ಎಳೆಯಬೇಕು. ಹೊರಗೆ ಟಿಣ್ ಅನ್ನುತ್ತದೆ, ಊಟ ಬರುತ್ತದೆ. ಒಳಗಿರುವವರಿಗೆ ಹೊತ್ತಿನ ಸುಳಿವು ಮಾತ್ರ ಸಿಗಬಾರದು. ಅದಕ್ಕೇ ಊಟ ತರುವವರು ಕೈಗಡಿಯಾರ ಕಟ್ಟುವಂತಿಲ್ಲ, ಜೋರಾಗಿ ಮಾತಾಡುವಂತಿಲ್ಲ. ಗಂಡಸರಾದರೆ ಪ್ರತಿ ಸಲವೂ ಆಗಷ್ಟೇ ಗಡ್ಡ ಬೋಳಿಸಿಕೊಂಡು ಒಳಗೆ ಹೋಗಬೇಕು. ಯಾಕೆ ಹೇಳಿ? ಗಡ್ಡ ಎಷ್ಟು ಬೆಳೆದಿದೆ ಅಂತ ನೋಡಿ ಎಷ್ಟು ಹೊತ್ತಾಗಿದೆ ಅಂತ ಲೆಕ್ಕ ಹಾಕಿಬಿಡಬಹುದಲ್ಲ!

"ಮೂರೇ ಮೂರು ದಿನ ಕಣೆ," ಅಂದ ಭಾವ. "ಕೂರೋಕೆ ಯಾರೂ ಒಪ್ತಿಲ್ಲ. ಮೇಷ್ಟ್ರ ಮುಂದೆ ನನ್ನ ಮರ್ಯಾದೆ ಉಳಿಸು."

ಗಂಡ ಒಳ್ಳೆಯ ಮಾತಾಡಿ ಎಷ್ಟೋ ಕಾಲವಾಗಿತ್ತು. ಅವಳು ಕರಗಿಹೋದಳು. ನಾಲಿಗೆ ಸೂಜಿಯಾದರೂ ಮನಸ್ಸು ಬೆಣ್ಣೆ ನಮ್ಮಕ್ಕನದು. ಅವಳಿಗೆ ಒಂದೇ ಚಿಂತೆ, ಮಗಳು ಪುಟ್ಟಿ. ಒಂದನೇ ಕ್ಲಾಸಿನ ಮಗು. ಆಗ ಕೆಳಗಿನ ಮುಂದಿನ ಹಲ್ಲು ಅಲ್ಲಾಡುತ್ತಿತ್ತು.

"ಎಷ್ಟು ದಿನ ಅಮ್ಮ?"

"ಮೂರು ನಿದ್ದೆ. ಮೂರು ಸಲ ಮಲಗಿ ಎದ್ದರೆ ನಾನು ಬಂದೆ ಅಂತಲೇ."

"ಅಷ್ಟರಲ್ಲಿ ಹಲ್ಲು ಬಿದ್ದುಹೋದ್ರೆ?"

"ಎತ್ತಿಟ್ಟಿರು. ನಾನು ನೋಡಬೇಕು. ನಂಗೆ ತೋರಿಸದೆ ಎಲ್ಲೂ ಬಿಸಾಕಬಾರದು, ಆಯ್ತಾ?"

ಒಳಗೆ ಹೋಗುವ ಮುಂಚೆ ಅವಳ ಉಗುರುಗಳನ್ನು ಬುಡಕ್ಕೆ ಕತ್ತರಿಸಿದರು, ಅದೂ ನಿಯಮ. ದೊಡ್ಡ ಮೇಷ್ಟ್ರು ಬಾಗಿಲವರೆಗೆ ಬಂದರು. ಇವಳು ಸುಮ್ಮನಿರುವವಳೇ? ಕೇಳಿದಳು, "ಹೊರಗೆ ಮೂರು ದಿನ ಆಗಿ ಒಳಗೆ ನಂಗೆ ಎರಡೇ ದಿನ ಅನ್ನಿಸಿದ್ರೆ, ಉಳಿದ ಒಂದು ದಿನ ಎಲ್ಲಿಗೆ ಹೋಗುತ್ತೆ ಮೇಷ್ಟ್ರೇ?"

ಮೇಷ್ಟ್ರು ಕನ್ನಡಕ ಒರೆಸಿಕೊಂಡರು. "ಎಲ್ಲಿಗೂ ಹೋಗಲ್ಲಮ್ಮ. ನೀವು ಬದುಕದೇ ಬಿಟ್ಟಿದ್ದನ್ನ ಯಾರೋ ಬದುಕ್ತಾರೆ."

ತಮಾಷೆ ಅಂತ ಅವಳು ನಕ್ಕಳು. ಅವರು ನಗಲಿಲ್ಲ.

ಒಳಗೆ ಅವಳಿಗೆ ಕಷ್ಟವೇನೂ ಆಗಲಿಲ್ಲ. ಹುಟ್ಟಿದಾಗಿನಿಂದ ಅಷ್ಟು ನಿದ್ದೆ ಮಾಡಿರಲಿಲ್ಲವಂತೆ ಪಾಪ. ಹಗ್ಗ ಎಳೆದಾಗಲೆಲ್ಲ ಭಾವ ಬರುತ್ತಿದ್ದ. ಕೆನ್ನೆ ನುಣ್ಣಗೆ, ಸೋಪಿನ ವಾಸನೆ. ಮೊದಲ ಸಲ ಬಂದಾಗ ಅವನ ಅಂಗಿಯ ಮೇಲಿನಿಂದ ಎರಡನೇ ಗುಂಡಿ ಕಿತ್ತುಹೋಗಿತ್ತು. ಮನೆಗೆ ಹೋದ ಮೇಲೆ ಹಾಕಿಕೊಡಬೇಕು ಅಂದುಕೊಂಡಳು.

ಒಂದು ನಿದ್ದೆ ಆಯಿತು.

ಆಮೇಲೆ ಅದೇ ಅಂಗಿಯಲ್ಲಿ ಬಂದ. ಗುಂಡಿ ಇತ್ತು.

"ಯಾರು ಹಾಕಿದ್ದು ರೀ?"

"ಯಾವುದು?... ಓ, ಇದಾ. ನೀನೇ ಅಲ್ವಾ, ಇಲ್ಲಿಗೆ ಬರೋ ಮುಂಚೆ?"

ಅವಳು ಕೈಚಾಚಿ ಗುಂಡಿ ಮುಟ್ಟಿದಳು. ಗುಂಡಿಯ ಬುಡಕ್ಕೆ ದಾರ ಬಿಗಿಯಾಗಿ ಸುತ್ತಿ, ಗಂಟನ್ನು ಒಳಗೆ ಅಡಗಿಸಿತ್ತು. ಎಡಗೈಯವರ ಸುತ್ತು. ಅವಳದೇ ಕೆಲಸ, ಅನುಮಾನವೇ ಇಲ್ಲ. ಹಾಗಾದರೆ ನಾನೇ ಹಾಕಿ ಮರೆತಿದ್ದೇನೆ ಅಂತ ಸುಮ್ಮನಾದಳು. ನೋಡಿ, ಗಂಡನ ಮಾತು ನಂಬುವುದಕ್ಕೆ ತನ್ನ ನೆನಪನ್ನೇ ಸುಳ್ಳು ಮಾಡಿಕೊಂಡಳು!

"ಪುಟ್ಟಿ ಹಲ್ಲು?"

"ಇನ್ನೂ ಅಲ್ಲಾಡ್ತಿದೆ," ಅಂದ. ಕಣ್ಣು ಬೇರೆ ಕಡೆ ಇತ್ತು.

ಎರಡನೇ ನಿದ್ದೆ. ಮೂರನೇ ನಿದ್ದೆ. ಎದ್ದು ಹಗ್ಗ ಎಳೆದಳು. ಇನ್ನೇನು ಹೊರಟೆವು ಅಂತ ಸೆರಗು ಸರಿಮಾಡಿಕೊಂಡು ಕೂತಳು. ಭಾವ ತಟ್ಟೆ ಹಿಡಿದುಕೊಂಡು ಬಂದ.

"ಇನ್ನೂ ಎರಡೇ ದಿನ ಆಗಿರೋದು. ನಿಂಗೆ ಜಾಸ್ತಿ ಅನ್ನಿಸ್ತಿದೆ ಅಷ್ಟೆ. ಮಲ್ಕೋ."

ಹೋಗುವಾಗ ಅವನು ಬಾಯಲ್ಲಿ ಏನೋ ಹಾಡು ಗುನುಗುತ್ತಿದ್ದ. ಮದುವೆಯಾದ ಮೇಲೆ ಅವನು ಗುನುಗಿದ್ದು ಅವಳಿಗೆ ನೆನಪಿಲ್ಲ. ತಟ್ಟೆ ಇಟ್ಟ ತೋಳಿನ ಮೇಲೆ ನೀಲಿ ಗೆರೆಯಿತ್ತು. ಬಟ್ಟೆಗೆ ಗುರುತು ಹಾಕುವ ಸೀಮೆಸುಣ್ಣದ್ದು. ಅವಳ ಮಿಷನ್ನಿನ ಖಾನೆಯಲ್ಲಿ ಇರುವಂಥದ್ದು.

ಆ ಗೆರೆ ನೋಡಿದ್ದೇ ಅವಳು ಲೆಕ್ಕ ಹಾಕಿದಳು. ನನ್ನ ಮಿಷನ್ನಿನ ಮೇಲೆ ಇನ್ನೊಬ್ಬಳು ಕೂತಿದ್ದಾಳೆ. ನನ್ನನ್ನು ಇಲ್ಲಿ ಮಲಗಿಸಿ ಮನೆಗೆ ಸವತಿಯನ್ನು ತಂದಿಟ್ಟುಕೊಂಡಿದ್ದಾನೆ. ಎದ್ದು ಬಾಗಿಲು ತಳ್ಳಿದಳು. ಅದಕ್ಕೆ ಬೀಗವೇ ಇರಲಿಲ್ಲ. ಅಷ್ಟು ಹೊತ್ತೂ ಇರಲಿಲ್ಲ. ಗಂಡನ ಮಾತೇ ಬೀಗವಾಗಿತ್ತು.

ಗೇಟಿನಲ್ಲಿ ವಾಚ್‌ಮನ್ ಅವಳನ್ನು ನೋಡಿ ಕುರ್ಚಿಯಿಂದ ಎದ್ದ. ಟಾರ್ಚು ಅವಳ ಮುಖದಿಂದ ಕಾಲಿಗೆ ಇಳಿಯಿತು, ಮತ್ತೆ ಮುಖಕ್ಕೆ ಬಂತು.

"ಅಮ್ಮಾವ್ರೇ... ನೀವು ಆಗ್ಲೇ ಹೋದ್ರಲ್ಲ."

"ನಾನಾ? ಎಲ್ಲಿಗೆ?"

"ಮನೆಗೆ. ಸಾಹೇಬ್ರ ಜೊತೆ." ಅವನ ದನಿ ಇಳಿಯಿತು. "ದಿನಾ ಬಂದು ಅವರನ್ನ ಕರ್ಕೊಂಡು ಹೋಗ್ತೀರಲ್ಲ..."

ಅವಳು ಬೀದಿಗೆ ಇಳಿದಳು. ಅಲ್ಲಿಂದಲೇ ನಾನು ಶುರು ಮಾಡಿದ್ದು. ಬಂದ್ ಆದ ಅಂಗಡಿಗಳು, ನಾಯಿ, ಬಾವಿ, ಟಕಟಕಟಕಟಕ... ಕಿರ್ರ್.

ಮನೆಯ ಕಿಟಕಿ ಅರ್ಧ ತೆರೆದಿತ್ತು. ಒಳಗೆ ಒಂದೇ ದೀಪ. ಗೋಡೆ ಪಕ್ಕದ ಹಾಸಿಗೆಯಲ್ಲಿ ಪುಟ್ಟಿ ಮಲಗಿದ್ದಳು. ಭಾವ ಕುರ್ಚಿಯಲ್ಲಿ ಕಾಲು ಚಾಚಿ ಕೂತಿದ್ದ, ಸಂತೃಪ್ತ ಮುಖ. ಮಿಷನ್ನಿನ ಮುಂದೆ ಒಬ್ಬ ಹೆಂಗಸು. ಬೆನ್ನು ಈ ಕಡೆಗಿತ್ತು. ಬೆಲ್ಟು ಜಾರಿತು, ಕಿರ್ರ್. ಅವಳು ಎಡಗೈ ಎತ್ತಿ ಚಕ್ರಕ್ಕೆ ತಟ್ಟಿದಳು. ಕುತ್ತಿಗೆಯ ಹಿಂದೆ ಜಾರಿಬಿದ್ದ ಕೂದಲನ್ನು ಅದೇ ಕೈಯಿಂದ ಮೇಲೆ ಸಿಕ್ಕಿಸಿಕೊಂಡಳು.

ಸೂಜಿಯಕ್ಕನಿಗೆ ತನ್ನ ಕೈ ತನ್ನ ಕುತ್ತಿಗೆಗೆ ಹೋದದ್ದು ಆಮೇಲೆ ಗೊತ್ತಾಯಿತು.

ಬಾಗಿಲು ಬಡಿದಳು. ಒಳಗೆ ಮಿಷನ್ನು ನಿಂತಿತು. ಕುರ್ಚಿ ಸರಿದ ಸದ್ದು... ಚಿಲಕದ ಸದ್ದು... ಬಾಗಿಲು ಒಂದು ಗೇಣು ತೆರೆಯಿತು. ಸಂದಿಯಲ್ಲಿ ಭಾವನ ಮುಖ. ಸಂಜೆ ಮನೆಗೆ ಹೊರಡುವ ಮುಂಚೆ ಇವಳ ಹತ್ತಿರ ಹೋಗಲೆಂದು ಬೋಳಿಸಿದ್ದ ಕೆನ್ನೆ ಆಗಲೇ ಒರಟಾಗಿತ್ತು; ಅವಳಿಗೋ ಅವನು ತಟ್ಟೆ ಇಟ್ಟು ಹೋದದ್ದು ಈಗಷ್ಟೇ. ಕೋಣೆಗೆ ಹೋದಾಗಿನಿಂದ ಹಾಗೆ ಒರಟಾದ ಕೆನ್ನೆಯನ್ನು ಅವಳು ನೋಡಿರಲಿಲ್ಲ.

"ಯಾಕೆ ಬಂದೆ?" ಅಂದ, ಪಿಸುಗುಟ್ಟಿ.

ಇದು ಅವನ ಮೊದಲ ಮಾತು. ಯಾರು ನೀನು ಅಂತಲ್ಲ. ಅಯ್ಯೋ ದೇವರೇ ಅಂತಲೂ ಅಲ್ಲ. ಯಾಕೆ ಬಂದೆ... ಇದನ್ನು ನೆನೆಸಿಕೊಂಡರೆ ಈಗಲೂ ನನಗೆ ಮೈ ಉರಿಯುತ್ತದೆ.

"ಒಳಗೆ ಯಾರ್ರೀ ಅವಳು?"

"ಮೆಲ್ಲಗೆ. ಮಗು ಎದ್ದುಬಿಡುತ್ತೆ."

"ಯಾರು ಅಂದೆ."

ಅವನು ಒಂದು ಸಲ ಒಳಗೆ ತಿರುಗಿ ನೋಡಿದ.

"ನೀನೇ."

ಆಮೇಲೆ ಆ ಸಂದಿಯಲ್ಲೇ ನಿಂತು ಹೇಳಿದ. ಮೂರನೇ ದಿನ ಸಂಜೆ ಆ ಇನ್ನೊಬ್ಬಳು ಹೊರಗಿನ ಬೆಂಚಿನ ಮೇಲೆ ಕೂತಿದ್ದಳಂತೆ. ಮುಗಿಸಿ ಹೊರಗೆ ಬಂದಿದ್ದಾಳೆ ಅಂತ ಎಲ್ಲರೂ ತಿಳಿದರು. ದೊಡ್ಡ ಮೇಷ್ಟ್ರು ಚೆನ್ನಾಗಿದ್ದೀರಾ ಅಂತ ಕೇಳಿ, ಮಾರನೆಯ ದಿನ ದೂರದ ಊರಿಗೆ ಹೊರಟುಹೋದರು. ಭಾವ ಅವಳನ್ನು ಮನೆಗೆ ಕರೆತಂದ. ಬೆಳಗ್ಗೆ ಕೋಣೆ ಗುಡಿಸಿಡೋಣ ಅಂತ ಹೋದರೆ, ಮಂಚದ ಮೇಲೆ ಹೆಂಡತಿ ಮಲಗಿದ್ದಾಳೆ.

"ಬಾಗಿಲು ತೆಗೆದೆ. ನಿನ್ನ ನೋಡ್ದೆ..."

"ನೋಡಿ?"

"ಮತ್ತೆ ಮುಚ್ಚಿದೆ."

ಅವಳು ಬಾಗಿಲ ಸಂದಿಗೆ ಕಾಲು ಕೊಟ್ಟು ನಿಂತಳು.

"ಅವಳು ಜಗಳ ಆಡಲ್ಲ ಕಣೆ," ಅಂದ ಆ ಪುಣ್ಯಾತ್ಮ. "ಸುಸ್ತು ಅನ್ನಲ್ಲ. ಎದುರು ಮಾತಿಲ್ಲ. ನೀನು ಒಳಗಿರೋತನಕ ಅವಳು ಇರ್ತಾಳೆ. ನಿಂಗೂ ಏನೂ ತೊಂದರೆ ಇರಲಿಲ್ಲವಲ್ಲ... ನಿಂಗೇನು, ಒಂದು ನಿದ್ದೆ ಜಾಸ್ತಿ, ಅಷ್ಟೆ."

ಕೇಳಿದಿರಾ? ಕೈಹಿಡಿದವಳನ್ನು ನೆಲದಡಿಗೆ ಹಾಕಿ, ಹಗ್ಗ ಎಳೆದಾಗಲೆಲ್ಲ ಗಡ್ಡ ಬೋಳಿಸಿಕೊಂಡು ಹೋಗಿ, ಇನ್ನೂ ಎರಡೇ ದಿನ ಅಂತ ಹೇಳಿ ಬರುವುದು. ದೆವ್ವಕ್ಕೆ ಹೆದರುತ್ತೇವೆ ನಾವು. ಹೆದರಬೇಕಾದ್ದು ಇಂಥವರಿಗೆ.

ಅವಳು ಬಾಗಿಲು ತಳ್ಳಿ ಒಳಗೆ ನುಗ್ಗಿದಳು. ಮಿಷನ್ನಿನ ಮುಂದೆ ಯಾರೂ ಇರಲಿಲ್ಲ. ಚಕ್ರ ಇನ್ನೂ ತಿರುಗುತ್ತಿತ್ತು. ಸರ್ರ್... ಸರ್ರ್... ನಿಧಾನವಾಗಿ ನಿಂತಿತು. ಮುಟ್ಟಿದರೆ ಸ್ಟೂಲು ಬೆಚ್ಚಗಿತ್ತು. ಹಿಂದಿನ ಬಾಗಿಲಿಗೆ ಒಳಗಿನಿಂದ ಅಗಳಿ ಹಾಕಿದ ಹಾಗೇ ಇತ್ತು.

ಹಾಸಿಗೆಯಲ್ಲಿ ಪುಟ್ಟಿ ಎದ್ದು ಕೂತಿದ್ದಳು. ಅಮ್ಮನನ್ನು ನೋಡಿದಳು. ಅಪ್ಪನನ್ನು ನೋಡಿದಳು. ಮತ್ತೆ ಅಮ್ಮನನ್ನು ನೋಡಿ, "ನೀನು ಮೂರು ನಿದ್ದೆ ಅಂದಿದ್ದೆ," ಅಂತ ಬಾಯಿ ತೆರೆದು ಅಳುವುದಕ್ಕೆ ಶುರುಮಾಡಿದಳು.

ತೆರೆದ ಬಾಯಲ್ಲಿ ಅಲ್ಲಾಡುತ್ತಿದ್ದ ಹಲ್ಲು ಇರಲಿಲ್ಲ. ಆ ಜಾಗದಲ್ಲಿ ಹೊಸ ಹಲ್ಲು ಬಂದಿತ್ತು. ಮೊಳಕೆಯಲ್ಲ, ಅಂಚಿನಲ್ಲಿ ಗರಗಸವಿರುವ ದೊಡ್ಡ ಹಲ್ಲು, ಪಕ್ಕದ ಹಲ್ಲುಗಳ ಸಮಕ್ಕೆ ಬಂದಿತ್ತು.

ಸೂಜಿಯಕ್ಕ ಹಾಸಿಗೆಯ ಪಕ್ಕ ಕೂತು ಆ ಬಾಯೊಳಗೆ ಇನ್ನೊಮ್ಮೆ ನೋಡಿದಳು. ಅವಳ ಲೆಕ್ಕದಲ್ಲಿ ನಾಲ್ಕನೇ ದಿನ. ಮಗಳ ಬಾಯಲ್ಲಿ ತಿಂಗಳುಗಳು.

"ಅವರು ನೀನಲ್ಲ ಅಂತ ನಂಗೆ ಗೊತ್ತಿತ್ತು," ಅಂದಳು ಪುಟ್ಟಿ, ಬಿಕ್ಕುತ್ತಾ. "ಅಪ್ಪಂಗೆ ಹೇಳ್ದೆ. ಅಪ್ಪ ಯಾರ ಹತ್ರಾನೂ ಬಾಯಿ ಬಿಡಬೇಡ ಅಂದ್ರು."

"ಹಲ್ಲು ಎಲ್ಲಿ ಪುಟ್ಟಿ?"

"ಅವರ ಹತ್ರ ಕೊಟ್ಟೆ. ನಿಮ್ಮಮ್ಮನಿಗೆ ಕೊಡ್ತೀನಿ, ಎತ್ತಿಟ್ಟಿರ್ತೀನಿ ಅಂದ್ರು."

ಸೂಜಿಯಕ್ಕ ಮಿಷನ್ನಿನ ಖಾನೆ ಎಳೆದು ಸುರಿದಳು. ದಾರದ ಉಂಡೆ, ಗುಂಡಿ, ಸೀಮೆಸುಣ್ಣ. ಹಲ್ಲಿಲ್ಲ. ಸೂಜಿಯ ಕೆಳಗೆ ಒಂದು ನೀಲಿ ಫ್ರಾಕು ಸಿಕ್ಕಿಕೊಂಡಿತ್ತು. ಎಳೆದು ಎತ್ತಿ ಹಿಡಿದಳು. ಬಟ್ಟೆಯ ಅಳತೆಗೆ ಅವಳಿಗೆ ಟೇಪು ಬೇಡ, ಕಣ್ಣೇ ಸಾಕು. ಅದು ಪುಟ್ಟಿಯ ಮೈಗೆ ಹೊಲಿದ ಫ್ರಾಕಲ್ಲ. ಭುಜ ಅಗಲ, ಸೊಂಟ ಕೆಳಗೆ. ನಾಲ್ಕನೇ ಕ್ಲಾಸಿನ ಹುಡುಗಿಯ ಅಳತೆ.

ಗಂಡನ ಕಡೆ ತಿರುಗಿದಳು.

"ಇವಳು ಇದಕ್ಕೆ ಬೆಳೆಯೋತನಕ ನನ್ನ ಅಲ್ಲೇ ಇಡಬೇಕು ಅಂತಿದ್ರಾ?"

ಇಲ್ಲ ಅನ್ನುವ ಒಂದು ಸುಳ್ಳನ್ನಾದರೂ ಹೇಳಬಹುದಿತ್ತು. ಅಷ್ಟು ಸುಳ್ಳು ಹೇಳಿದವನು, ಅದೊಂದನ್ನು ಹೇಳಲಿಲ್ಲ.

ಆ ರಾತ್ರಿ ನಮ್ಮ ಮನೆಯ ಬಾಗಿಲು ಬಡಿದಾಗ ತೆಗೆದವಳು ನಾನೇ. ಸೂಜಿಯಕ್ಕನ ಸೊಂಟದ ಮೇಲೆ ಪುಟ್ಟಿ. ಕೈಯಲ್ಲಿ ಆ ನೀಲಿ ಫ್ರಾಕು, ಯಾಕೆ ತಂದೆ ಅಂತ ಅವಳಿಗೇ ಗೊತ್ತಿಲ್ಲ. ಅವಳ ಬೆರಳುಗಳನ್ನು ನಾನು ನೋಡಿದೆ. ಉಗುರುಗಳು ಬುಡಕ್ಕೆ ಕತ್ತರಿಸಿದ ಹಾಗೇ ಇದ್ದವು, ಕೂದಲೆಳೆಯಷ್ಟು ಬೆಳೆದಿದ್ದರೆ ಹೆಚ್ಚು. ಅದಕ್ಕೆ ಮುಂಚಿನ ವಾರವಷ್ಟೇ ನಾನು ಅವಳನ್ನು ಬೀದಿಯಲ್ಲಿ ಮಾತಾಡಿಸಿದ್ದೆ. ಏನಕ್ಕಾ ಇಷ್ಟು ಮೆತ್ತಗಾಗಿದ್ದೀಯಾ ಅಂತ ರೇಗಿಸಿದ್ದೆ ಕೂಡ. ನಕ್ಕು ನನ್ನ ಕೆನ್ನೆ ತಟ್ಟಿದ್ದಳು. ಯಾರ ಕೈ ಅದು ಅಂತ ನಾನು ಯೋಚಿಸುವುದಿಲ್ಲ, ನೀವೂ ಕೇಳಬೇಡಿ.

ಅವಳು ಮತ್ತೆ ಆ ಮನೆಗೆ ಹೋಗಲಿಲ್ಲ. ಭಾವ ಎರಡು ಸಲ ಬಂದ. ಎರಡು ಸಲವೂ ನುಣ್ಣಗೆ ಬೋಳಿಸಿಕೊಂಡೇ ಬಂದಿದ್ದ. ಆ ಕೆನ್ನೆ ನೋಡಿಯೇ ಅವಳು ಬಾಗಿಲು ಹಾಕಿಕೊಂಡಳು. ಬೇರೆ ಮನೆ ಮಾಡಿದಳು, ಹೊಸ ಮಿಷನ್ನು ಕೊಂಡಳು. ಫ್ರಾಕನ್ನು ಸುಟ್ಟುಬಿಡು ಅಂತ ಎಲ್ಲರೂ ಹೇಳಿದೆವು. ಬಟ್ಟೆಯ ಮೇಲೆ ಯಾಕೆ ಸಿಟ್ಟು ಅಂತ ಪೆಟ್ಟಿಗೆಯ ತಳಕ್ಕೆ ಹಾಕಿಟ್ಟಳು.

ಪುಟ್ಟಿ ನಾಲ್ಕನೇ ಕ್ಲಾಸಿಗೆ ಬಂದಾಗ ಅದು ತಾನಾಗಿಯೇ ಹೊರಗೆ ಬಂತು. ಮಗು ಹಾಕಿಕೊಂಡು ಎದುರಿಗೆ ನಿಂತಿತು. ಎಲ್ಲೂ ಸಡಿಲವಿಲ್ಲ, ಎಲ್ಲೂ ಬಿಗಿಯಿಲ್ಲ. ಒಂದು ವರ್ಷ ಹಾಕಿಕೊಂಡಳು. ಆಮೇಲೆ ಉದ್ದ ಸಾಲದೆ ಬಂತು. ಬೆಳೆಯುವ ಮಕ್ಕಳ ಬಟ್ಟೆಗೆ ಹೊಲಿಯುವವರು ಕೆಳಗಿನ ಅಂಚನ್ನು ಅಗಲವಾಗಿ ಮಡಚಿರುತ್ತಾರಲ್ಲ, ಬಿಚ್ಚಿ ಇಳಿಸೋಣ ಅಂತ ಸೂಜಿಯಕ್ಕ ಕೂತಳು. ನಾನೂ ಪಕ್ಕದಲ್ಲೇ ಇದ್ದೆ. ಹಗಲು ಹೊತ್ತು. ಹೊಲಿಗೆ ಬಿಚ್ಚಿದಳು. ಮಡಿಕೆಯೊಳಗಿಂದ ಏನೋ ಜಾರಿ ನೆಲಕ್ಕೆ ಬಿತ್ತು. ಟಿಕ್...

ಪುಟಾಣಿ ಹಾಲುಹಲ್ಲು.

ಈಗಲೂ ಅದು ಅವಳ ಗುಂಡಿಯ ಡಬ್ಬಿಯಲ್ಲಿದೆ. ನಂಬದಿದ್ದರೆ ನಾಳೆ ಬೆಳಗ್ಗೆ ಬನ್ನಿ, ಕರೆದುಕೊಂಡು ಹೋಗಿ ತೋರಿಸುತ್ತೇನೆ.